ಎಂಟನೇ ಕ್ಲಾಸು ಮಹಡಿ ಮೇಲೆ, ಮಗನಿಗೆ ಮೆಟ್ಟಿಲು ಹತ್ತಲು ಆಗಲ್ಲ. ಮನೆಯಲ್ಲೇ ಓದಿಸಬೇಕಾ?

ಕಲ್ಪತರು ಅಮ್ಮ · ಭಾನುವಾರ ರಾತ್ರಿ 9:10

ಎಲ್ಲರಿಗೂ ನಮಸ್ಕಾರ. ಇಲ್ಲಿ ಮೊದಲ ಸಲ ಬರೆಯುತ್ತಿದ್ದೇನೆ. ಸ್ವಲ್ಪ ಉದ್ದ ಆಗಬಹುದು, ಬೇಜಾರು ಮಾಡಿಕೊಳ್ಳಬೇಡಿ.

ನನ್ನ ಮಗನಿಗೆ 13 ವರ್ಷ. ದಿನ ತುಂಬುವ ಮೊದಲೇ ಹುಟ್ಟಿದವನು, ಸೆರೆಬ್ರಲ್ ಪಾಲ್ಸಿ, ಅಂದರೆ ಮೆದುಳಿಗೆ ಪೆಟ್ಟಾಗಿ ಕೈಕಾಲಿನ ಹಿಡಿತ ತಪ್ಪುವ ತೊಂದರೆ. ಎರಡೂ ಕಾಲು ಬಿಗಿ, ತುದಿಗಾಲಲ್ಲಿ ನಡೆಯುತ್ತಾನೆ. ಸಮತಟ್ಟಾದ ಜಾಗದಲ್ಲಿ ವಾಕರ್ ಹಿಡಿದು ಓಡಾಡುತ್ತಾನೆ. ಕೈ ಪರವಾಗಿಲ್ಲ, ಆದರೆ ಬರವಣಿಗೆ ನಿಧಾನ. ಮಾತು ಎಳೆಯುತ್ತದೆ, ಎರಡು ದಿನ ಜೊತೆಗಿದ್ದವರಿಗೆ ಅರ್ಥವಾಗುತ್ತದೆ. ಯುಡಿಐಡಿ ಕಾರ್ಡಿನಲ್ಲಿ (ಸರ್ಕಾರ ಕೊಡುವ ವಿಕಲಚೇತನರ ಗುರುತಿನ ಚೀಟಿ) 65 ಪರ್ಸೆಂಟ್ ವೈಕಲ್ಯ ಅಂತ ಇದೆ. ತಲೆ ಮಾತ್ರ ಚುರುಕು. ಯಾವ ಮ್ಯಾಚಿನಲ್ಲಿ ಯಾರು ಎಷ್ಟು ರನ್ ಹೊಡೆದರು ಅಂತ ಕೇಳಿ, ನಿದ್ದೆಗಣ್ಣಲ್ಲೂ ಹೇಳುತ್ತಾನೆ.

ಏಳನೇ ಕ್ಲಾಸಿನವರೆಗೆ ನಮ್ಮ ಬೀದಿಯ ಸರ್ಕಾರಿ ಶಾಲೆಯಲ್ಲೇ ಓದಿದ. ಒಂದೇ ಅಂತಸ್ತು, ಎಲ್ಲರೂ ಗೊತ್ತಿದ್ದವರು. ಈಗ ಎಂಟಕ್ಕೆ ಊರಿನ ಹೈಸ್ಕೂಲಿಗೆ ಹೋಗಬೇಕು. ಅಲ್ಲಿ ಎಂಟನೇ ಕ್ಲಾಸಿನ ಎರಡೂ ಸೆಕ್ಷನ್ ಮಹಡಿ ಮೇಲೆ. 22 ಮೆಟ್ಟಿಲು, ನಾನೇ ಎಣಿಸಿ ಬಂದೆ.

ಹೆಡ್‌ಮಾಸ್ಟರ್ ಕೆಟ್ಟವರಲ್ಲ. ಕೂರಿಸಿ ಟೀ ಕೊಟ್ಟರು. "ಅಮ್ಮಾ, ಪಾಪ, ಮಗುವಿಗೆ ಯಾಕೆ ಹಿಂಸೆ? ಹೆಸರು ಇಲ್ಲಿರಲಿ, ಹಾಜರಾತಿ ನಾವು ನೋಡಿಕೊಳ್ಳುತ್ತೇವೆ. ಗೃಹಾಧಾರಿತ ಶಿಕ್ಷಣ ಅಂತ ಇದೆ, ಟೀಚರ್ ಮನೆಗೇ ಬರುತ್ತಾರೆ" ಅಂದರು. ಹೊರಡುವಾಗ, "ಹೇಗೂ ಆರ್‌ಟಿಇ, ಅಂದರೆ ಶಿಕ್ಷಣ ಹಕ್ಕು ಕಾಯ್ದೆ, 14 ವರ್ಷಕ್ಕೆ ಮುಗಿಯುತ್ತದಲ್ಲ" ಅಂತಲೂ ಸೇರಿಸಿದರು.

ನಮ್ಮ ಯಜಮಾನರಿಗೆ, ಅತ್ತೆಯವರಿಗೆ ಇದು ಒಳ್ಳೆಯದು ಅನಿಸಿದೆ. ನಿಜ ಹೇಳಬೇಕೆಂದರೆ ನನಗೂ ಸಾಕಾಗಿದೆ. ಏಳು ವರ್ಷದಿಂದ ದಿನಾ 11 ಗಂಟೆಗೆ ಶಾಲೆಗೆ ಹೋಗಿ ಅವನನ್ನು ಟಾಯ್ಲೆಟ್‌ಗೆ ಕರೆದುಕೊಂಡು ಹೋಗಿದ್ದೇನೆ. ಮಗ ಮಾತ್ರ ಎರಡು ದಿನದಿಂದ ಮಾತು ಬಿಟ್ಟಿದ್ದಾನೆ.

ಒಪ್ಪಿಕೊಳ್ಳಲಾ? ನಿಮ್ಮಲ್ಲಿ ಯಾರಾದರೂ ಹೀಗೆ ಮಾಡಿದ್ದೀರಾ?

ಚಾಕ್‌ಪೀಸ್ ಮೇಷ್ಟ್ರು · ಭಾನುವಾರ ರಾತ್ರಿ 9:48

ಮೇಡಂ, ನಾನು ದಾವಣಗೆರೆ ಕಡೆಯ ಸರ್ಕಾರಿ ಹೈಸ್ಕೂಲಿನಲ್ಲಿ ಸಮಾಜ ಪಾಠ ಮಾಡುತ್ತೇನೆ. ಒಂದು ಪ್ರಶ್ನೆ. ಆ ಶಾಲೆಯಲ್ಲಿ ಕೆಳಗಡೆ ಏನೇನಿದೆ?

ಕಲ್ಪತರು ಅಮ್ಮ · ಭಾನುವಾರ ರಾತ್ರಿ 9:55

ಆಫೀಸು, ಸ್ಟಾಫ್ ರೂಮು, ಹತ್ತನೇ ಕ್ಲಾಸಿನ ಎರಡು ರೂಮು, ಅಡುಗೆ ಮನೆ. ಒಂಬತ್ತನೆಯದು ಒಂದು ಕೆಳಗೆ, ಒಂದು ಮೇಲೆ.

ಚಾಕ್‌ಪೀಸ್ ಮೇಷ್ಟ್ರು · ಭಾನುವಾರ ರಾತ್ರಿ 10:20

ಹಾಗಾದರೆ ನಿಮ್ಮ ಸಮಸ್ಯೆಗೆ ಲಿಫ್ಟೂ ಬೇಡ, ಮನೆಪಾಠವೂ ಬೇಡ. ಕೆಳಗಿರುವ ಒಂಬತ್ತನೇ ಕ್ಲಾಸಿನವರು ಮೇಲೆ ಹೋಗಬೇಕು, ಎಂಟನೆಯದರ ಒಂದು ಸೆಕ್ಷನ್ ಕೆಳಗೆ ಬರಬೇಕು. ಬೆಂಚು ಹೊರೋದಕ್ಕೆ ಅರ್ಧ ದಿನ. ನಮ್ಮಲ್ಲಿ ಮಾಡಿದ್ದೇವೆ. ಮೆಟ್ಟಿಲು ಹತ್ತಲಾಗದ ಒಬ್ಬ ಹುಡುಗಿ ಇದ್ದಳು, ಮೂರು ವರ್ಷ ಅವಳು ಯಾವ ಕ್ಲಾಸಿಗೆ ಹೋದಳೋ ಆ ಕ್ಲಾಸು ಕೆಳಗೇ ಇತ್ತು. ಕಂಪ್ಯೂಟರ್ ಲ್ಯಾಬ್ ಮಾತ್ರ ಮೇಲೆ ಉಳಿಯಿತು. ಅದಕ್ಕೆ ಏನೂ ಮಾಡಲಾಗಲಿಲ್ಲ, ಆ ಬೇಜಾರು ಈಗಲೂ ಇದೆ.

ನಮ್ಮ ಕಡೆಯ ಸತ್ಯವನ್ನೂ ಹೇಳಿಬಿಡುತ್ತೇನೆ. ಹೆಡ್‌ಮಾಸ್ಟರ್‌ಗೆ ಇರುವುದು ಭಯ. ಮಗು ಬಿದ್ದು ಹೆಚ್ಚುಕಡಿಮೆ ಆದರೆ ಯಾರು ಹೊಣೆ ಅನ್ನುವ ಭಯ. ಜೊತೆಗೆ ಎರಡು ವರ್ಷ ಬಿಟ್ಟು ಬರುವ ಎಸ್‌ಎಸ್‌ಎಲ್‌ಸಿ ಫಲಿತಾಂಶದ ಲೆಕ್ಕ. "ಪಾಪ" ಅನ್ನುವ ಮಾತಿನೊಳಗೆ ಇವೆರಡೂ ಕೂತಿರುತ್ತವೆ. ಟೀ ಕುಡಿಯಿರಿ, ಆದರೆ ಆ ಮಾತಿಗೆ ಕರಗಬೇಡಿ.

"ಹಾಜರಾತಿ ನಾವು ನೋಡಿಕೊಳ್ಳುತ್ತೇವೆ" ಅಂದರಲ್ಲ, ಅದಕ್ಕಂತೂ ಒಪ್ಪಲೇಬೇಡಿ. ಬಾರದ ಮಗುವಿಗೆ ಹಾಜರಿ ಹಾಕಿದರೆ ಕಾಗದದ ಮೇಲೆ ಎಲ್ಲವೂ ಸರಿ ಇರುತ್ತದೆ. ಆಮೇಲೆ ನೀವು ಏನು ಕೇಳಲು ಹೋದರೂ ಆಧಾರ ಇರಲ್ಲ.

ಬಿಆರ್‌ಸಿ ಟೀಚರ್ · ಸೋಮವಾರ ಬೆಳಗ್ಗೆ 6:30

ನಾನು ಬಿಐಇಆರ್‌ಟಿ. ಗೊತ್ತಿಲ್ಲದವರಿಗೆ: ಪ್ರತಿ ತಾಲ್ಲೂಕಿನ ಬಿಆರ್‌ಸಿಯಲ್ಲಿ (ಶಿಕ್ಷಣ ಇಲಾಖೆಯ ಸಂಪನ್ಮೂಲ ಕೇಂದ್ರ) ವಿಶೇಷ ಅಗತ್ಯದ ಮಕ್ಕಳಿಗಾಗಿ ಇರುವ ಸಂಪನ್ಮೂಲ ಶಿಕ್ಷಕರು. ಗೃಹಾಧಾರಿತ ಶಿಕ್ಷಣ ಅಂದರೆ ಮನೆಗೆ ಬರುವವರು ನಮ್ಮಂಥವರೇ. ಹಾಗಾಗಿ ಅದರ ಒಳಗುಟ್ಟು ನನಗೆ ಗೊತ್ತು.

ನಾವು ಇಡೀ ತಾಲ್ಲೂಕಿಗೆ ಬೆರಳೆಣಿಕೆಯಷ್ಟು ಜನ. ಒಂದು ಮನೆಗೆ ವಾರಕ್ಕೊಮ್ಮೆ ಹೋಗಲು ಆದರೆ ಪುಣ್ಯ. ಮೀಟಿಂಗು, ಶಿಬಿರ, ಡೇಟಾ ಎಂಟ್ರಿ ಬಂದರೆ ಅದೂ ತಪ್ಪುತ್ತದೆ. ಆ ಒಂದು ಒಂದೂವರೆ ಗಂಟೆಯಲ್ಲಿ ಎಂಟನೇ ಕ್ಲಾಸಿನ ಬೀಜಗಣಿತ, ವಿಜ್ಞಾನ, ಇಂಗ್ಲಿಷು ಯಾವುದೂ ಮುಗಿಯಲ್ಲ. ಹಾಸಿಗೆಯಿಂದ ಏಳಲಾಗದ ಮಗುವಿಗೆ ಆ ಒಂದು ಗಂಟೆ ದೊಡ್ಡದು. ನಾನು ಹೋಗುವ ಒಂದು ಮನೆಯಲ್ಲಿ ಹುಡುಗಿ ನನ್ನ ಸ್ಕೂಟಿ ಸದ್ದು ಕೇಳಿದರೆ ಕೈ ತಟ್ಟುತ್ತಾಳೆ. ವಾಕರ್ ಹಿಡಿದು ಓಡಾಡುವ, ಕ್ರಿಕೆಟ್ ಸ್ಕೋರು ಒಪ್ಪಿಸುವ ಹುಡುಗನಿಗೆ ಅದು ಶಾಲೆ ಅಲ್ಲ.

ಕಾನೂನೂ ಹಾಗೇ ಇದೆ. 2012ರ ಆರ್‌ಟಿಇ ತಿದ್ದುಪಡಿಯಲ್ಲಿ ಮನೆಯಲ್ಲಿ ಓದುವ ಆಯ್ಕೆ ಕೊಟ್ಟಿರುವುದು ಬಹು ವೈಕಲ್ಯ ಮತ್ತು ತೀವ್ರ ವೈಕಲ್ಯದ ಮಕ್ಕಳಿಗೆ. ತೀವ್ರ ಅಂದರೆ 1999ರ ನ್ಯಾಷನಲ್ ಟ್ರಸ್ಟ್ ಕಾಯ್ದೆಯ ಪ್ರಕಾರ 80 ಪರ್ಸೆಂಟ್ ಅಥವಾ ಅದಕ್ಕಿಂತ ಜಾಸ್ತಿ. ನಿಮ್ಮ ಮಗನದು 65. ಅದಕ್ಕಿಂತ ಮುಖ್ಯ, ಅದು ಮಗುವಿನ ಕಡೆಯವರು ಆರಿಸಿಕೊಳ್ಳುವ ಹಕ್ಕು. ಶಾಲೆ "ಮನೆಗೆ ಹೋಗಿ" ಅಂತ ಕಳಿಸಲು ಮಾಡಿದ್ದಲ್ಲ.

14 ವರ್ಷದ ಮಾತೂ ಅರ್ಧ ಸತ್ಯ. ಆರ್‌ಟಿಇ 6ರಿಂದ 14 ನಿಜ. ಆದರೆ 2016ರ ವಿಕಲಚೇತನರ ಹಕ್ಕುಗಳ ಕಾಯ್ದೆ, ಸೆಕ್ಷನ್ 31 ತೆಗೆದು ನೋಡಿ. 40 ಪರ್ಸೆಂಟ್ ಅಥವಾ ಅದಕ್ಕಿಂತ ಹೆಚ್ಚು ವೈಕಲ್ಯ ಇರುವ ಮಗುವಿಗೆ 18 ವರ್ಷದವರೆಗೆ ಉಚಿತ ಶಿಕ್ಷಣದ ಹಕ್ಕಿದೆ. ಅಕ್ಕಪಕ್ಕದ ಶಾಲೆಯೋ, ವಿಶೇಷ ಶಾಲೆಯೋ, ಆಯ್ಕೆ ನಿಮ್ಮದು. ಸೆಕ್ಷನ್ 16ರಲ್ಲಿ ಕಟ್ಟಡ, ಕ್ಯಾಂಪಸ್, ಸೌಲಭ್ಯ ಎಲ್ಲವೂ ಮಗುವಿಗೆ ಎಟುಕಬೇಕು ಅಂತ ಇದೆ.

ಬಾಯಲ್ಲಿ ಕೇಳಬೇಡಿ, ಬರೆದು ಕೊಡಿ. ಎರಡು ಪ್ರತಿ. ಒಂದರ ಮೇಲೆ ಸೀಲು ಹಾಕಿಸಿಕೊಂಡು ಬನ್ನಿ.

ಹಾವೇರಿ ಕ್ಯಾಲಿಪರ್ · ಸೋಮವಾರ ಬೆಳಗ್ಗೆ 8:05

ಅಕ್ಕಾವ್ರೇ, ನನಗೆ 52. ಎರಡನೇ ವರ್ಷದಲ್ಲಿ ಪೋಲಿಯೋ. ಬಲಗಾಲಿಗೆ ತೊಡೆಯಿಂದ ಪಾದದವರೆಗೆ ಕಬ್ಬಿಣದ ಕ್ಯಾಲಿಪರ್. ಈಗ ಬ್ಯಾಂಕಿನಲ್ಲಿದ್ದೇನೆ.

ನೀವು ಮೆಟ್ಟಿಲ ಬಗ್ಗೆ ಕೇಳಿದ್ದೀರಿ. ನಾನು ಚಪ್ಪಲಿ ಬಗ್ಗೆ ಹೇಳುತ್ತೇನೆ. ಪಿ.ಟಿ. ಪೀರಿಯಡ್ ಬಂದರೆ ಎಲ್ಲರೂ ಮೈದಾನಕ್ಕೆ. ನಾನು ಕಟ್ಟೆ ಮೇಲೆ. ಎಲ್ಲರ ಚಪ್ಪಲಿ ಕಾಯುವುದು ನನ್ನ ಕೆಲಸ. ಏಳು ವರ್ಷ ಕಾಯ್ದೆ. ಯಾರ ಹವಾಯಿಯ ಪಟ್ಟಿ ಕಿತ್ತಿದೆ, ಯಾರು ಅದಕ್ಕೆ ಪಿನ್ನು ಚುಚ್ಚಿದ್ದಾರೆ, ಎಲ್ಲ ಗೊತ್ತಿತ್ತು. ಯಾರೂ ಬೈಯಲಿಲ್ಲ, ಹೊಡೆಯಲಿಲ್ಲ. ಎಲ್ಲರೂ ಬಹಳ ಪ್ರೀತಿಯಿಂದಲೇ ಇದ್ದರು.

ಅದೇ ಪ್ರೀತಿಯಿಂದ ಐದನೇ ಕ್ಲಾಸಿನ ಮೇಷ್ಟ್ರು ನನಗೆ ಲೆಕ್ಕದ ಹೋಂವರ್ಕ್ ಮಾಫಿ ಮಾಡಿದರು. "ನೀನು ಬಿಡಪ್ಪ, ನಿಂಗೆ ಕಷ್ಟ." ಕಾಲಿಗೂ ಭಿನ್ನರಾಶಿಗೂ ಏನು ಸಂಬಂಧ ರೀ? ಎಂಟನೇ ಕ್ಲಾಸಿಗೆ ಬಂದಾಗ ನನಗೆ ಭಾಗಾಕಾರ ಬರುತ್ತಿರಲಿಲ್ಲ. ಅಲ್ಲಿ ಒಬ್ಬ ಲೆಕ್ಕದ ಮೇಷ್ಟ್ರು ನನಗೂ ಎಲ್ಲರ ಹಾಗೆ ಬೈದರು. ಎಲ್ಲರೆದುರು. ಮನೆಗೆ ಹೋಗಿ ಅತ್ತೆ. ಆಮೇಲೆ ಸಂಜೆ ಸಂಜೆ ಕೂತು ಕಲಿತೆ. ಬೈದದ್ದು ಸರಿ ಅನ್ನುತ್ತಿಲ್ಲ. ಮಾಫಿ ಮಾಡಲಿಲ್ಲವಲ್ಲ, ಅದು.

ಮನೆಯಲ್ಲೇ ಇರಲಿ ಅನ್ನುವುದು ಅಂಥದ್ದೇ ಮಾಫಿ, ಇಡೀ ಶಾಲೆಗೇ ಕೊಟ್ಟಿದ್ದು.

ನೇರನುಡಿ · ಸೋಮವಾರ ಬೆಳಗ್ಗೆ 9:40

ಎಲ್ಲರೂ ಭಾವನಾತ್ಮಕವಾಗಿ ಮಾತಾಡುತ್ತಿದ್ದೀರಿ. ಒಂದು ಕ್ಲಾಸಿನಲ್ಲಿ 50 ಮಕ್ಕಳು. ಒಬ್ಬನಿಗಾಗಿ ಉಳಿದ 49 ಜನರ ಪಾಠ ನಿಧಾನ ಆಗಬೇಕಾ? ಇಂಥ ಮಕ್ಕಳಿಗೆ ಅಂತಲೇ ವಿಶೇಷ ಶಾಲೆಗಳಿವೆ. ಮನಸ್ಸಿದ್ದರೆ ಏನು ಬೇಕಾದರೂ ಸಾಧಿಸಬಹುದು. ನಮ್ಮ ಹಾಸನದ ಗಿರೀಶ್ 2012ರ ಲಂಡನ್ ಪ್ಯಾರಾಲಿಂಪಿಕ್ಸ್‌ನಲ್ಲಿ ಹೈಜಂಪ್ ಬೆಳ್ಳಿ ಗೆಲ್ಲಲಿಲ್ಲವಾ? ಮಾಲತಿ ಹೊಳ್ಳ ಪೋಲಿಯೋ ಇದ್ದೂ ಪದ್ಮಶ್ರೀ ಪಡೆಯಲಿಲ್ಲವಾ? ಹಾಸನದಲ್ಲೇ ಹುಟ್ಟಿದ ಸುಹಾಸ್ ಐಎಎಸ್ ಅಧಿಕಾರಿಯಾಗಿ ಬ್ಯಾಡ್ಮಿಂಟನ್‌ನಲ್ಲಿ ಎರಡು ಪ್ಯಾರಾಲಿಂಪಿಕ್ ಬೆಳ್ಳಿ ತರಲಿಲ್ಲವಾ?

ಹಾವೇರಿ ಕ್ಯಾಲಿಪರ್ · ಸೋಮವಾರ ಬೆಳಗ್ಗೆ 10:15

ಮೂವರ ಮೇಲೂ ನನಗೆ ಅಭಿಮಾನ ಇದೆ. ಆದರೆ ನಾವು ಟಾಯ್ಲೆಟ್ ಕೇಳಿದಾಗಲೆಲ್ಲ ಯಾರಾದರೊಬ್ಬರು ಮೆಡಲ್ ತೋರಿಸುತ್ತಾರೆ. ನಿಮ್ಮ ಮಗನಿಗೆ ಶಾಲೆಯಲ್ಲಿ ಬೆಂಚು ಸಿಗಬೇಕಾದರೆ ಮೊದಲು ಹೈಜಂಪ್ ಗೆದ್ದಿರಬೇಕಾ?

ಸುಹಾಸ್ ಓದಿದ್ದು ಸುರತ್ಕಲ್‌ನ ಎನ್‌ಐಟಿಕೆಯಲ್ಲಿ, ಎಲ್ಲರ ಜೊತೆ. ನಿಮ್ಮ ಉದಾಹರಣೆ ನಿಮ್ಮ ವಾದಕ್ಕೇ ಒದೆಯುತ್ತಿದೆ.

ಜಯನಗರ 4ನೇ ಬ್ಲಾಕ್ · ಸೋಮವಾರ ಮಧ್ಯಾಹ್ನ 1:20

ನೇರನುಡಿಯವರು ಹೇಳಿದ ರೀತಿ ಸರಿಯಿಲ್ಲ, ಆದರೆ ವಿಶೇಷ ಶಾಲೆ ಅಂದರೆ ಎಲ್ಲರೂ ಮೂಗು ಮುರಿಯುವುದೂ ಬೇಡ. ನನ್ನ ಮಗಳಿಗೂ ಸೆರೆಬ್ರಲ್ ಪಾಲ್ಸಿ, ಇವರ ಮಗನಿಗಿಂತ ಜಾಸ್ತಿ. ಕೈಯೂ ಆಡಲ್ಲ, ಮಾತೂ ಇಲ್ಲ. ಮೊದಲ ಐದು ವರ್ಷ ವಿಶೇಷ ಶಾಲೆಯಲ್ಲಿದ್ದಳು. ಫಿಸಿಯೋ, ಸ್ಪೀಚ್, ಕೂರಿಸುವ ಕುರ್ಚಿ ಎಲ್ಲ ಒಂದೇ ಸೂರಿನಡಿ. ಕಣ್ಣಲ್ಲೇ ಚಿತ್ರ ತೋರಿಸಿ ಹೌದು, ಅಲ್ಲ ಅನ್ನುವುದನ್ನು ಕಲಿತದ್ದು ಅಲ್ಲೇ. ಮಾಮೂಲಿ ಶಾಲೆಯಲ್ಲಿ ಅದನ್ನು ಯಾರು ಕಲಿಸುತ್ತಿದ್ದರು?

ಬೆಂಗಳೂರಲ್ಲಿ ವಿಕಲಚೇತನರಿಗಾಗಿ ಕೆಲಸ ಮಾಡುವ ಎಪಿಡಿ ಸಂಸ್ಥೆ 1959ರಿಂದ ಇದೆ, ಸ್ಪಾಸ್ಟಿಕ್ಸ್ ಸೊಸೈಟಿ ಆಫ್ ಕರ್ನಾಟಕ 1980ರಿಂದ. ನಾನು ನೋಡಿರುವ ಎಷ್ಟೋ ಮಕ್ಕಳು ಇಂಥ ಕಡೆ ತಯಾರಾಗಿ ಆಮೇಲೆ ಮಾಮೂಲಿ ಶಾಲೆಗೆ ಹೋಗಿದ್ದಾರೆ. ಎರಡೂ ಬೇಕು. ತೊಂದರೆ ಏನೆಂದರೆ ಇಂಥವು ಹೆಚ್ಚಾಗಿ ಬೆಂಗಳೂರಲ್ಲೇ ಇವೆ. ತಾಲ್ಲೂಕಿನ ಅಮ್ಮ ಏನು ಮಾಡಬೇಕು? ಮನೆ ಬಿಟ್ಟು ಬಂದು ಇಲ್ಲಿ ಬಾಡಿಗೆ ಕಟ್ಟಬೇಕಾ? ನನ್ನ ಪಕ್ಕದ ಮನೆಗೆ ರಾಯಚೂರಿನಿಂದ ಬಂದ ಒಂದು ಸಂಸಾರ ಹಾಗೇ ಇದೆ. ತಂದೆ ಊರಲ್ಲಿ, ತಾಯಿ ಮಗು ಇಲ್ಲಿ.

ಕಲ್ಪತರು ಅಮ್ಮ, ನಿಮ್ಮ ಮಗ ಏಳು ವರ್ಷ ಮಾಮೂಲಿ ಶಾಲೆಯಲ್ಲಿ ಓದಿ ಬಂದವನು. ಅವನಿಗೆ ಈಗ ವಿಶೇಷ ಶಾಲೆ ಬೇಕಿಲ್ಲ. ಕೆಳಗಿನ ರೂಮು ಬೇಕು, ಅಷ್ಟೇ.

ಪಡುಗಡಲ ಅಪ್ಪ · ಸೋಮವಾರ ರಾತ್ರಿ 8:30

ಉಡುಪಿ ಕಡೆಯಿಂದ. ಬೇರೆ ಥರದ ಅನುಭವ ಹೇಳುತ್ತೇನೆ, ಎಲ್ಲರಿಗೂ ಹಿಡಿಸಲಿಕ್ಕಿಲ್ಲ.

ನನ್ನ ಮಗನಿಗೆ ಡುಷೆನ್ ಮಸ್ಕ್ಯುಲರ್ ಡಿಸ್ಟ್ರೋಫಿ. ಗೊತ್ತಿಲ್ಲದವರಿಗೆ, ಇದು ಹೆಚ್ಚಾಗಿ ಗಂಡುಮಕ್ಕಳಿಗೆ ಬರುವ, ಸ್ನಾಯು ಕ್ರಮೇಣ ಸೋಲುವ ಕಾಯಿಲೆ. ಐದನೇ ವಯಸ್ಸಿನಲ್ಲಿ ನೆಲದಿಂದ ಏಳುವಾಗ ತೊಡೆ ಮೇಲೆ ಕೈಯೂರಿ, ತನ್ನ ಮೈಯನ್ನೇ ಹತ್ತಿದ ಹಾಗೆ ಏಳುತ್ತಿದ್ದ. ನಾವು ಸೋಮಾರಿ ಅಂತ ಬೈದಿದ್ದೆವು. ಆ ಮಾತು ಈಗ ನೆನೆದರೆ ಊಟ ಇಳಿಯುವುದಿಲ್ಲ. 11ರಲ್ಲಿ ನಡಿಗೆ ನಿಂತಿತು.

ಅವನಿಗೆ ಶಾಲೆ ಅಂದರೆ ಪ್ರಾಣ. ಆದರೆ ಬೆಳಗ್ಗೆಯಿಂದ ನಾಲ್ಕೂವರೆವರೆಗೆ ಕೂತರೆ ಬೆನ್ನು ಸೋಲುತ್ತದೆ. ರಾತ್ರಿ ಹೊರಳಲು ಆಗದೆ ಎರಡೆರಡು ಗಂಟೆಗೆ ನಮ್ಮನ್ನು ಎಬ್ಬಿಸುತ್ತಾನೆ. ಮರುದಿನ ಶಾಲೆಯಲ್ಲಿ ತೂಕಡಿಕೆ. ಕೊನೆಗೆ ಹೆಡ್‌ಮೇಡಂ ಹತ್ತಿರ ಕೂತು ಮಾತಾಡಿದೆವು. ಈಗ ಮಧ್ಯಾಹ್ನದ ಊಟದವರೆಗೆ ಶಾಲೆ. ಗಣಿತ, ವಿಜ್ಞಾನದ ಪೀರಿಯಡ್ ಬೆಳಗ್ಗೆಗೆ ಬರುವ ಹಾಗೆ ಟೈಂಟೇಬಲ್ ತಿರುಗಿಸಿದರು. ಉಳಿದದ್ದು ಮನೆಯಲ್ಲಿ. ಹಾಗಾಗಿ ಮನೆಯಲ್ಲಿ ಓದುವುದು ಅಂದ ಕೂಡಲೇ ಸೋಲು ಅನ್ನಬೇಡಿ. ನಮ್ಮದು ಮಗನನ್ನು ಕೇಳಿ ಮಾಡಿದ್ದು, ಅಷ್ಟು ವ್ಯತ್ಯಾಸ.

ಇನ್ನೊಂದು ಸಂಗತಿ, ಇದು ಎಲ್ಲ ಶಾಲೆಯವರಿಗೂ. ಇಂಥ ಮಕ್ಕಳನ್ನು ಕಂಕುಳಿಗೆ ಕೈ ಹಾಕಿ ಎತ್ತಬೇಡಿ. ಭುಜದಲ್ಲಿ ಬಲ ಇರುವುದಿಲ್ಲ, ಮಗು ಕೈಯಿಂದ ಜಾರಿಬಿಡುತ್ತದೆ. ನಮ್ಮವನು ಹಾಗೇ ಒಮ್ಮೆ ಬಿದ್ದ. ಎತ್ತಿದ ಹುಡುಗ ಪಾಪ ಮೂರು ದಿನ ಶಾಲೆಗೇ ಬರಲಿಲ್ಲ, ಹೆದರಿ. ಒಂದು ಕೈ ಮೊಣಕಾಲ ಕೆಳಗೆ, ಇನ್ನೊಂದು ಬೆನ್ನಿಗೆ. ಅದಕ್ಕಿಂತ ಒಳ್ಳೆಯದು, ಎತ್ತುವ ಪ್ರಮೇಯವೇ ಬಾರದ ಹಾಗೆ ರೂಮು ಕೆಳಗಿಡುವುದು.

ದೂರದೇಶಿ · ಮಂಗಳವಾರ ಬೆಳಗಿನ ಜಾವ 4:50

ಅಮೆರಿಕದ ಓಹಾಯೋದಿಂದ. ಇಲ್ಲಿ ಇಂಥ ಮಕ್ಕಳ ಶಿಕ್ಷಣಕ್ಕೆ 1975ರಲ್ಲೇ ಕಾನೂನು ಆಗಿದೆ. ನನ್ನ ಮಗಳಿಗೆ ವರ್ಷಕ್ಕೊಂದು ಬರಹದ ಯೋಜನೆ, ಐಇಪಿ ಅನ್ನುತ್ತಾರೆ. ಮೇಜಿನ ಸುತ್ತ ಟೀಚರ್, ಥೆರಪಿಸ್ಟ್, ನಾವು ಕೂತು ಸಾಲು ಸಾಲು ಬರೆಯುತ್ತೇವೆ. ಒಪ್ಪಿದ್ದು ಮಾಡದಿದ್ದರೆ ಶಾಲೆಯನ್ನು ಕೇಳಬಹುದು. ಲಿಫ್ಟ್ ಇರುವ ಬಸ್ಸು ಮನೆ ಬಾಗಿಲಿಗೆ. ಹಾಗಂತ ಸ್ವರ್ಗ ಅಲ್ಲ, ಪ್ರತಿ ಸಾಲಿಗೂ ಜಗಳ ಆಡಿದ್ದೇವೆ. ಅಲ್ಲಿ ಇಂಥದ್ದು ಏನಾದರೂ ಇದೆಯಾ?

ಬಿಆರ್‌ಸಿ ಟೀಚರ್ · ಮಂಗಳವಾರ ಬೆಳಗ್ಗೆ 6:15

ಇದೆ ಸಾರ್, ಹೆಸರೂ ಅದೇ. ಪ್ರತಿ ಮಗುವಿಗೂ ನಾವು ಐಇಪಿ ಬರೆಯುತ್ತೇವೆ. ಬರೆದದ್ದನ್ನು ಕ್ಲಾಸ್ ಟೀಚರ್ ಓದಿರುತ್ತಾರಾ ಅಂತ ಮಾತ್ರ ಕೇಳಬೇಡಿ. ಪ್ರಾಥಮಿಕದಲ್ಲಿ 10 ಮಕ್ಕಳಿಗೆ ಒಬ್ಬ ವಿಶೇಷ ಶಿಕ್ಷಕ, ಮೇಲಿನ ತರಗತಿಗಳಲ್ಲಿ 15ಕ್ಕೆ ಒಬ್ಬರು ಅಂತ ಸುಪ್ರೀಂ ಕೋರ್ಟ್ 2021ರಲ್ಲಿ ಹೇಳಿದೆ. ನಾನು ನನ್ನ ರಿಜಿಸ್ಟರ್ ನೋಡಿ ನಗುತ್ತೇನೆ.

ಕಲ್ಪತರು ಅಮ್ಮ, ರೂಮು ಕೆಳಗೆ ಬಂದ ಮೇಲೆ ನೋಡಬೇಕಾದ್ದು ಬೆಂಚು. ನಾನು ಹೋದ ಶಾಲೆಗಳಲ್ಲೆಲ್ಲ ಇದೇ ಎಡವಟ್ಟು. ಮಗು ಬೆಂಚಿನ ಮೇಲೆ ಕೂತಾಗ ಪಾದ ನೆಲಕ್ಕೆ ತಾಗದೆ ನೇತಾಡುತ್ತಿರುತ್ತದೆ. ಸೆರೆಬ್ರಲ್ ಪಾಲ್ಸಿ ಇರುವ ಮಗುವಿಗೆ ಪಾದ ನೇತಾಡಿದರೆ ಕಾಲಿನ ಬಿಗಿ ಏರುತ್ತದೆ, ಸೊಂಟ ಮುಂದೆ ಜಾರುತ್ತದೆ. ಬೀಳದಿರಲು ಎಡಗೈಯಲ್ಲಿ ಬೆಂಚು ಹಿಡಿದುಕೊಳ್ಳುತ್ತದೆ. ಪುಸ್ತಕ ಹಿಡಿಯಲು ಕೈ ಎಲ್ಲಿ? ಅಕ್ಷರ ಸೊಟ್ಟಗಾಗುತ್ತದೆ. ಟೀಚರ್ "ಬರೆಯೋಕೆ ಬರಲ್ಲ" ಅಂತ ಬರೆದುಕೊಳ್ಳುತ್ತಾರೆ.

ಔಷಧಿ ಎರಡು ಇಟ್ಟಿಗೆ, ಅದರ ಮೇಲೊಂದು ಹಲಗೆ. ಪಾದ ಪೂರ್ತಿ ಊರಬೇಕು, ಮಂಡಿ ಲಂಬಕೋನದಲ್ಲಿ ಮಡಚಬೇಕು. ಪುಸ್ತಕ ಜಾರದಿರಲು ಕೆಳಗೆ ರಬ್ಬರ್ ಶೀಟು. ಪೆನ್ನು ದಪ್ಪ ಆಗಬೇಕಾದರೆ ಸೈಕಲ್ ಅಂಗಡಿಯಲ್ಲಿ ಹಳೇ ಟ್ಯೂಬ್ ತುಂಡು ಕೇಳಿ ಸುತ್ತಿ, ದುಡ್ಡೂ ತೆಗೆದುಕೊಳ್ಳಲ್ಲ. ಒಬ್ಬ ಹುಡುಗನಿಗೆ ಇಷ್ಟು ಮಾಡಿದ ವಾರದಲ್ಲೇ ಅವನ ಅಕ್ಷರ ಗೆರೆ ಮೇಲೆ ಕೂತಿತು. ನಾನು ಏನೂ ಕಲಿಸಿರಲಿಲ್ಲ.

ಸಮಗ್ರ ಶಿಕ್ಷಣ ಅನ್ನುವ ಸರ್ಕಾರಿ ಯೋಜನೆಯಲ್ಲಿ ಒಬ್ಬ ವಿಶೇಷ ಅಗತ್ಯದ ಮಗುವಿಗೆ ವರ್ಷಕ್ಕೆ 3,500 ರೂಪಾಯಿ ಲೆಕ್ಕ ಇದೆ. ಅದರಲ್ಲೇ ಶಿಬಿರ, ಸಾಧನ, ಸಾರಿಗೆ ಭತ್ಯೆ, ಬೆಂಗಾವಲು ಭತ್ಯೆ. ಹೆಣ್ಣುಮಕ್ಕಳಿಗೆ ತಿಂಗಳಿಗೆ 200ರಂತೆ ಹತ್ತು ತಿಂಗಳು ಬೇರೆ. ಹೈಸ್ಕೂಲು ದೂರ ಅಂದರೆ ಸಾರಿಗೆ ಭತ್ಯೆ ಕೇಳಿ. ಕೇಳದಿದ್ದರೆ ಯಾರೂ ತಾನಾಗಿ ಕೊಡಲ್ಲ.

ಚಾಕ್‌ಪೀಸ್ ಮೇಷ್ಟ್ರು · ಮಂಗಳವಾರ ಸಂಜೆ 5:35

ರ‍್ಯಾಂಪ್ ಬಗ್ಗೆಯೂ ಒಂದು ಮಾತು. "ನಮ್ಮಲ್ಲಿ ರ‍್ಯಾಂಪ್ ಇದೆ" ಅಂತ ಹೇಳಿದರೆ ನಂಬಬೇಡಿ, ಟೇಪು ಹಿಡಿದು ಅಳೆಯಿರಿ. ಲೆಕ್ಕ ಸುಲಭ. ಒಂದು ಇಂಚು ಎತ್ತರಕ್ಕೆ ಒಂದು ಅಡಿ ಉದ್ದ. ನಮ್ಮ ಶಾಲೆಯ ಜಗಲಿ 30 ಇಂಚು ಎತ್ತರ. ಅಂದರೆ 30 ಅಡಿ ರ‍್ಯಾಂಪ್ ಬೇಕು. ಕಂಟ್ರಾಕ್ಟರ್ ಕಟ್ಟಿದ್ದು 10 ಅಡಿ. ಫೋಟೋದಲ್ಲಿ ಚೆನ್ನಾಗಿದೆ. ಮಕ್ಕಳು ಅದನ್ನು ಜಾರುಬಂಡೆ ಮಾಡಿಕೊಂಡಿದ್ದಾರೆ. ವೀಲ್‌ಚೇರ್ ಹತ್ತಿಸಲು ಹೋದರೆ ತಳ್ಳುವವನೇ ಹಿಂದಕ್ಕೆ ಬೀಳುತ್ತಾನೆ.

ಟಾಯ್ಲೆಟ್ ಕಥೆ ಇನ್ನೂ ಚೆಂದ. ವಿಶೇಷ ಅಗತ್ಯದ ಮಕ್ಕಳ ಟಾಯ್ಲೆಟ್ ಅಂತ ನಮ್ಮಲ್ಲೂ ಒಂದು ಕಟ್ಟಿದರು. ಕಂಬಿ, ಕಮೋಡ್, ಅಗಲ ಬಾಗಿಲು ಎಲ್ಲ ಇತ್ತು. ಗಲೀಜಾಗುತ್ತದೆ ಅಂತ ಬೀಗ ಹಾಕಿದರು. ಆಮೇಲೆ ಅದರೊಳಗೆ ಸ್ಪೋರ್ಟ್ಸ್ ಸಾಮಾನು ತುಂಬಿದರು. ಬೀಗ ತೆಗೆಸಲು ನಾನು ಜಗಳ ಆಡಬೇಕಾಯಿತು, ನನ್ನದೇ ಶಾಲೆಯಲ್ಲಿ.

ಕಲ್ಪತರು ಅಮ್ಮ · ಮಂಗಳವಾರ ರಾತ್ರಿ 9:30

ಎಲ್ಲರಿಗೂ ತುಂಬಾ ಥ್ಯಾಂಕ್ಸ್. ಓದುತ್ತಾ ನನಗೆ ಅಳುವೂ ಬಂತು.

ಟಾಯ್ಲೆಟ್ ವಿಷಯ ಬಂದಿದ್ದಕ್ಕೆ ಹೇಳುತ್ತೇನೆ. ಇವತ್ತು ಮಗ ಮಾತು ಶುರು ಮಾಡಿದ. "ನಿನಗೆ ಅಲ್ಲಿ ಕಷ್ಟ ಆಗಲ್ವಾ?" ಅಂದೆ. "ನಾನು ನೀರು ಕುಡಿಯಲ್ಲ ಬಿಡಮ್ಮ" ಅಂದ. ಆಗ ನನಗೆ ಹೊಳೆಯಿತು. ಏಳು ವರ್ಷ ಅವನ ವಾಟರ್ ಬಾಟಲಿ ತುಂಬಿದ್ದು ತುಂಬಿದ ಹಾಗೇ ವಾಪಸ್ ಬರುತ್ತಿತ್ತು. ನಾನು ಮರೆತಿದ್ದಾನೆ ಅಂದುಕೊಂಡು ಬೈಯುತ್ತಿದ್ದೆ. ನಾನು 11ಕ್ಕೆ ಬರುವುದು ಒಂದು ಸಲ. ಎರಡನೇ ಸಲ ಬೇಕಾಗಬಾರದು ಅಂತ ಬೆಳಗ್ಗೆಯಿಂದ ನೀರೇ ಕುಡಿಯುತ್ತಿರಲಿಲ್ಲ.

ಹಾವೇರಿ ಕ್ಯಾಲಿಪರ್ · ಮಂಗಳವಾರ ರಾತ್ರಿ 9:52

ನಾನೂ ಕುಡಿಯುತ್ತಿರಲಿಲ್ಲ. ಯಾರಿಗೂ ಹೇಳಿರಲಿಲ್ಲ. ಇವತ್ತು ಇಲ್ಲೇ ಮೊದಲು.

ಜಯನಗರ 4ನೇ ಬ್ಲಾಕ್ · ಮಂಗಳವಾರ ರಾತ್ರಿ 10:10

ಹೆಣ್ಣುಮಕ್ಕಳದು ಕೇಳಿ. ಮುಟ್ಟಿನ ದಿನ ಬಂದ ಮೇಲೆ ಎಷ್ಟೋ ಮನೆಯಲ್ಲಿ ಶಾಲೆಯೇ ಬಿಡಿಸುತ್ತಾರೆ. ಆಯಾ ಇಲ್ಲ, ಬಾಗಿಲಿಗೆ ಚಿಲಕ ಇಲ್ಲ. "ಓದಲು ಇಷ್ಟ ಇಲ್ಲ" ಅಂತ ಟಿಸಿಯಲ್ಲಿ ಬರೆದಿರುತ್ತದೆ.

ನೇರನುಡಿ · ಬುಧವಾರ ಬೆಳಗ್ಗೆ 8:00

ನೀರಿನ ವಿಷಯ ಓದಿ ಬೇಜಾರಾಯಿತು. ನನ್ನ ಮಾತು ಒರಟಾಗಿತ್ತು, ಕ್ಷಮಿಸಿ. ಆದರೂ ಪ್ರಶ್ನೆ ಪ್ರಶ್ನೆಯೇ. ಟೀಚರ್ ಒಬ್ಬರೇ ಇದ್ದರೆ ಹೇಗೆ?

ಚಾಕ್‌ಪೀಸ್ ಮೇಷ್ಟ್ರು · ಬುಧವಾರ ಬೆಳಗ್ಗೆ 8:25

ನ್ಯಾಯವಾದ ಪ್ರಶ್ನೆ. ಬೋರ್ಡ್ ಮೇಲಿನದನ್ನು ಕಾಪಿ ಮಾಡಲು ನಮ್ಮ ಶಾಲೆಯ ಆ ಹುಡುಗಿಗೆ ಎರಡರಷ್ಟು ಹೊತ್ತು ಬೇಕಿತ್ತು. ನಾನು ಕಾಯುತ್ತಾ ನಿಲ್ಲಲಿಲ್ಲ. ಪಕ್ಕದವಳ ನೋಟ್ಸಿಗೆ ಕಾರ್ಬನ್ ಪೇಪರ್ ಇಟ್ಟೆ, ಎರಡು ಪ್ರತಿ ಬಂತು. ಪ್ರಶ್ನೆ ಕೇಳುವಾಗ ಮಾತ್ರ ಅವಳಿಗೂ ಬಾಯಲ್ಲಿ ಉತ್ತರ ಹೇಳಿಸಿದೆ. ಪಾಠ ನಿಧಾನ ಆಗಲಿಲ್ಲ. ನಿಧಾನ ಆಗಿದ್ದು ಸಿಲೆಬಸ್ ಜಾಸ್ತಿ ಇದ್ದದ್ದಕ್ಕೆ, ಆ ಹುಡುಗಿ ಕಾರಣಕ್ಕಲ್ಲ.

ಕಲ್ಪತರು ಅಮ್ಮ · ಬುಧವಾರ ಮಧ್ಯಾಹ್ನ 3:15

ಇನ್ನೊಂದು ಅನುಮಾನ. ಹತ್ತನೇ ಕ್ಲಾಸಿನ ಪರೀಕ್ಷೆಗೆ ಬೇರೆಯವರಿಂದ ಬರೆಸಬಹುದು ಅಂತ ಕೇಳಿದ್ದೇನೆ. ಈಗಲೇ ಯೋಚನೆ ಬೇಡ ಅಂತಾರೆ ಯಜಮಾನರು.

ಬಿಆರ್‌ಸಿ ಟೀಚರ್ · ಬುಧವಾರ ರಾತ್ರಿ 8:45

ಈಗಲೇ ಬೇಕು. ಹೆಚ್ಚಿನವರು ಹತ್ತನೇ ಕ್ಲಾಸಿನ ಜನವರಿಯಲ್ಲಿ ಎದ್ದು ಓಡುತ್ತಾರೆ. ಆಗ ಸರ್ಟಿಫಿಕೇಟ್ ಅವಧಿ ಮುಗಿದಿರುತ್ತದೆ, ಬರೆಯುವ ಹುಡುಗ ಸಿಕ್ಕಿರುವುದಿಲ್ಲ.

ಕೇಂದ್ರದ 2018ರ ಮಾರ್ಗಸೂಚಿಯಲ್ಲಿ ಗಂಟೆಗೆ ಕಡಿಮೆಯೆಂದರೆ 20 ನಿಮಿಷ ಹೆಚ್ಚುವರಿ ಸಮಯ ಅಂತ ಇದೆ. ಮೂರು ಗಂಟೆಯ ಪತ್ರಿಕೆಗೆ ಇನ್ನೊಂದು ಗಂಟೆ. ಲಿಪಿಕಾರರ, ಅಂದರೆ ಮಗು ಹೇಳಿದ್ದನ್ನು ಬರೆದುಕೊಡುವವರ, ಸೌಲಭ್ಯವೂ ಇದೆ. 2021ರ ಫೆಬ್ರವರಿಯಲ್ಲಿ ವಿಕಾಸ್ ಕುಮಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇನ್ನೂ ಮುಂದೆ ಹೋಯಿತು. ಬರೆಯಲು ನಿಜವಾಗಿ ತೊಂದರೆ ಇದ್ದರೆ 40 ಪರ್ಸೆಂಟ್ ಇಲ್ಲದವರಿಗೂ ಲಿಪಿಕಾರರನ್ನು ಕೊಡಬೇಕು ಅಂದಿತು. ಅರ್ಜಿ ಶಾಲೆಯ ಮೂಲಕ ಹೋಗಬೇಕು. ಹಾಗಾಗಿ ಹೆಡ್‌ಮಾಸ್ಟರ್ ಜೊತೆ ಜಗಳ ಆಡಿ, ಮುನಿಸು ಬೇಡ.

ಒಂದು ಎಚ್ಚರಿಕೆ. ಹೇಳಿ ಬರೆಸುವುದು ಅಭ್ಯಾಸ ಇಲ್ಲದಿದ್ದರೆ ಬಲು ಕಷ್ಟ. ಮಾತು ಎಳೆಯುವ ಹುಡುಗನಿಗೆ ಇನ್ನೂ. "ಎಕ್ಸ್ ವರ್ಗ ಪ್ಲಸ್ ಎರಡು ಎಕ್ಸ್, ಬ್ರಾಕೆಟ್ ಮುಚ್ಚು" ಅಂತ ಹೇಳಿ ಬರೆಸಿ ನೋಡಿ, ಗೊತ್ತಾಗುತ್ತದೆ. ರೇಖಾಗಣಿತದಲ್ಲಿ ತ್ರಿಜ್ಯ ಎಲ್ಲಿಂದ ಎಲ್ಲಿಗೆ ಅಂತ ಬಾಯಲ್ಲಿ ಹೇಳಬೇಕು. ಎಂಟನೇ ಕ್ಲಾಸಿನ ಕಿರುಪರೀಕ್ಷೆಯಿಂದಲೇ ಶುರು ಮಾಡಿ. ಬಹುಶಃ ಅವನಿಗೆ ಲಿಪಿಕಾರರೇ ಬೇಡವಾಗಬಹುದು, ಸಮಯ ಸಾಕಾಗಬಹುದು. ಅದನ್ನೂ ಅವನೇ ಕಂಡುಕೊಳ್ಳಲಿ.

ಹಾವೇರಿ ಕ್ಯಾಲಿಪರ್ · ಗುರುವಾರ ಬೆಳಗ್ಗೆ 7:20

ನಮ್ಮ ಕಾಲದಲ್ಲಿ ಶಾಲೆಗೆ ಬರುವ ಅಂಗವಿಕಲ ಮಗು ಅಂದರೆ ಪೋಲಿಯೋ. ಕಾಲೊಂದು ಬಿಟ್ಟರೆ ಉಳಿದದ್ದೆಲ್ಲ ಸರಿ. ದೇಶದಲ್ಲಿ ವೈಲ್ಡ್ ಪೋಲಿಯೋದ ಕೊನೆಯ ಕೇಸು 2011ರ ಜನವರಿಯದು. 2014ರಲ್ಲಿ ಪೋಲಿಯೋಮುಕ್ತ ಅಂತ ಸರ್ಟಿಫಿಕೇಟೂ ಬಂತು. ನಾವು ಕೊನೆಯ ಬ್ಯಾಚು. ಆದರೆ ಶಾಲೆಗಳ ತಲೆಯಲ್ಲಿ ಇನ್ನೂ ನಾವೇ ಇದ್ದೇವೆ. ಒಂದು ರ‍್ಯಾಂಪ್, ಒಂದು ತ್ರಿಚಕ್ರ ಸೈಕಲ್ ಕೊಟ್ಟರೆ ಮುಗಿಯಿತು ಅನ್ನುತ್ತಾರೆ. ಈಗ ಬರುವ ಮಕ್ಕಳಿಗೆ ಕಾಲಿನ ಜೊತೆ ಕೈ, ಮಾತು, ಉಸಿರು ಎಲ್ಲದಕ್ಕೂ ಏನಾದರೊಂದು ಬೇಕು. 1995ರ ವಿಕಲಚೇತನರ ಕಾಯ್ದೆಯಲ್ಲಿ ಏಳು ಬಗೆಯ ವೈಕಲ್ಯ ಇತ್ತು, 2016ರದ್ದರಲ್ಲಿ 21 ಆಗಿದೆ. ಕಾಯ್ದೆ ಮುಂದೆ ಹೋಯಿತು, ಸಿಮೆಂಟು ಅಲ್ಲೇ ಇದೆ.

ಅಕ್ಕಾವ್ರೇ, ಪತ್ರ ಕೊಟ್ಟಿರಾ?

ಕಲ್ಪತರು ಅಮ್ಮ · ಶುಕ್ರವಾರ ರಾತ್ರಿ 8:20

ಕೊಟ್ಟೆ. ಸೆಕ್ಷನ್ 16, 31 ಎರಡನ್ನೂ ಬರೆದು, ಎರಡು ಪ್ರತಿ. ಸೀಲು ಕೇಳಿದ ಕೂಡಲೇ ಹೆಡ್‌ಮಾಸ್ಟರ್ ಮುಖ ಬದಲಾಯಿತು. "ಇದೆಲ್ಲ ಯಾಕಮ್ಮ, ನಾವು ಆಗಲ್ಲ ಅಂದ್ವಾ?" ಅಂದರು. ನಾನು "ಇಲ್ಲ ಸಾರ್, ನನ್ನ ಮರೆವಿಗೆ" ಅಂದೆ. ಅದು ಎಲ್ಲಿಂದ ಬಾಯಿಗೆ ಬಂತೋ ಗೊತ್ತಿಲ್ಲ.

ಎಸ್‌ಡಿಎಂಸಿಯ (ಶಾಲಾಭಿವೃದ್ಧಿ ಸಮಿತಿ) ಒಬ್ಬರು ಅಲ್ಲೇ ಕೂತಿದ್ದರು. ಅವರ ಮೊಮ್ಮಗಳಿಗೂ ಏನೋ ತೊಂದರೆ ಇದೆಯಂತೆ, ಪತ್ರ ಎರಡು ಸಲ ಓದಿದರು. ಪುರಸಭೆಯಲ್ಲಿ ವಿಕಲಚೇತನರಿಗೆ ಅಂತ ಶೇ 5 ಹಣ ಇರುತ್ತದೆ, ಕಂಬಿ, ಕಮೋಡ್ ಅದರಲ್ಲಿ ಹಾಕಿಸಬಹುದು ಅಂದರು. ಅದು ಯಾವಾಗ ಆಗುತ್ತದೋ ನೋಡಬೇಕು.

ರೂಮು ಮಾತ್ರ ಇವತ್ತೇ ಆಯಿತು. ಎಂಟು 'ಬಿ' ಕೆಳಗೆ. ಒಂಬತ್ತನೇ ಕ್ಲಾಸಿನ ಹುಡುಗರು ಬೆಂಚು ಹೊತ್ತುಕೊಂಡು ಮೇಲೆ ಹೋಗುವಾಗ ಖುಷಿಯಲ್ಲೇ ಇದ್ದರು. ಮಹಡಿಯಿಂದ ಬಸ್‌ಸ್ಟ್ಯಾಂಡ್ ಕಾಣುತ್ತದಂತೆ.

ಪಡುಗಡಲ ಅಪ್ಪ · ಶುಕ್ರವಾರ ರಾತ್ರಿ 8:41

ನನ್ನ ಮಗನಿಗೆ ಓದಿ ಹೇಳಿದೆ. "ಅವನಿಗೆ ಕ್ರಿಕೆಟ್ ಗೊತ್ತಾ?" ಅಂತ ಕೇಳುತ್ತಿದ್ದಾನೆ. ನಂಬರ್ ಕೊಡುತ್ತೀರಾದರೆ ಖಾಸಗಿ ಸಂದೇಶದಲ್ಲಿ ಕಳಿಸಿ.

ಕಲ್ಪತರು ಅಮ್ಮ · ಮುಂದಿನ ಗುರುವಾರ ಸಂಜೆ 6:05

ನಾಲ್ಕು ದಿನ ಆಯಿತು ಹೋಗಲು ಶುರು ಮಾಡಿ. ಟಾಯ್ಲೆಟ್‌ಗೆ ಸದ್ಯಕ್ಕೆ ಒಂದು ಪ್ಲಾಸ್ಟಿಕ್ ಕಮೋಡ್ ಕುರ್ಚಿ ಇಟ್ಟಿದ್ದೇವೆ, ಕೀಲಿ ಅವನ ಹತ್ತಿರವೇ. ಜೊತೆಗೆ ಹೋಗಲು ಇಬ್ಬರು ಹುಡುಗರು ತಾವೇ ಒಪ್ಪಿದ್ದಾರೆ. ನಾನು ಅಭ್ಯಾಸಬಲದಿಂದ ಸೋಮವಾರ 11ಕ್ಕೆ ಹೋದೆ. "ನೀನ್ಯಾಕೆ ಬಂದೆ?" ಅಂದ, ಎಲ್ಲರೆದುರು.

ಇವತ್ತು ಬಾಟಲಿ ಖಾಲಿ ಬಂತು. ನನಗೆ ಕಣ್ಣು ತುಂಬಿತು. ಪೂರ್ತಿ ಕುಡಿದೆಯಾ ಅಂತ ಕೇಳಿದರೆ, "ಅರ್ಧ ನಾನು, ಅರ್ಧ ಪಕ್ಕದವನು" ಅಂದ.

ಬೆಂಚು ಇನ್ನೂ ಸರಿಯಾಗಿಲ್ಲ. ಕಾಲು ನೇತಾಡುತ್ತಿದೆ. ಇಟ್ಟಿಗೆ ಇಟ್ಟರೆ ಅಲ್ಲಾಡುತ್ತದೆ.

ಬಿಆರ್‌ಸಿ ಟೀಚರ್ · ಮುಂದಿನ ಗುರುವಾರ ಸಂಜೆ 6:30

ಅವನನ್ನು ಬೆಂಚಿನ ಹಿಂದಕ್ಕೆ ಪೂರ್ತಿ ಸರಿಸಿ ಕೂರಿಸಿ. ಕಾಲಿಗೆ ಕಟ್ಟುವ ಸ್ಪ್ಲಿಂಟ್, ಶೂ ಹಾಕಿದ ಮೇಲೆ ಅಂಗಾಲಿನಿಂದ ನೆಲಕ್ಕೆ ಎಷ್ಟು ಇಂಚು ಅಂತ ಅಳೆದು ಹೇಳಿ. ನಮ್ಮ ಬಿಆರ್‌ಸಿ ಪಕ್ಕ ಒಬ್ಬ ಬಡಗಿ ಇದ್ದಾನೆ, ಪೆಟ್ಟಿಗೆ ಥರ ಮಾಡಿಕೊಡುತ್ತಾನೆ. ಬಸ್ಸಿಗೆ ಹಾಕಿ ಕಳಿಸುತ್ತೇನೆ.

ಕಲ್ಪತರು ಅಮ್ಮ · ಮುಂದಿನ ಗುರುವಾರ ಸಂಜೆ 7:12

ಐದೂಕಾಲು. ಅವನೇ ಟೇಪು ಹಿಡಿದ.